ಉಬ್ಬರದ ಹೊತ್ತು

ನಾಲ್ಕನೇ ಟೇಕಿನ ಫೋಟೋವನ್ನು ಒಡೀಲ್ ಮೂರನೆಯದರ ಪಕ್ಕ ಹಿಡಿದು ನೋಡುತ್ತಿದ್ದಳು. ನಾಯಕಿಯ ಶಾಲು ಎಡಹೆಗಲ ಮೇಲೆ, ಸರಿ. ಕೂದಲು ಕಿವಿಯ ಹಿಂದೆ, ಸರಿ. ಟೇಕಿನಿಂದ ಟೇಕಿಗೆ ಏನೂ ಬದಲಾಗದಂತೆ ಕಾಯುವುದು, ನಡೆದದ್ದನ್ನೆಲ್ಲ ದಿನದ ವರದಿಯಲ್ಲಿ ಬರೆಯುವುದು ಇಪ್ಪತ್ತಾರು ವರ್ಷಗಳಿಂದ ಅವಳ ಕೆಲಸ.

"ಅವಳ ಅಂಗಿಗೆ ಎಷ್ಟು ಗುಂಡಿ ಅಂದ್ರೆ ತಟ್ಟಂತ ಹೇಳ್ತೀಯ. ನನ್ನ ಕಣ್ಣು ಯಾವ ಬಣ್ಣ, ಹೇಳು ನೋಡೋಣ," ಎಂದ ಗೊಲ್ವೆನ್, ಅವಳ ಕುರ್ಚಿಯ ಮೇಲೆ ಬಗ್ಗಿ.

ಅವಳು ತಲೆಯೆತ್ತಲಿಲ್ಲ. "ಬೂದು. ಎಡಗಣ್ಣಲ್ಲಿ ಒಂದು ಕಂದು ಚುಕ್ಕೆ. ಹೋಗು, ನಿನ್ನ ಹಳಿ ನೋಡ್ಕೋ."

ಅವನು ನಗುತ್ತ ಹೋದ. ಕ್ಯಾಮೆರಾ ಓಡುವ ಹಳಿಗಳನ್ನು ಹಾಕುವ ತಂಡಕ್ಕೆ ಅವನೇ ಯಜಮಾನ, ಹುಟ್ಟಿದ್ದೂ ಇದೇ ಬ್ರಿಟನಿಯ ಕಡಲತಡಿಯಲ್ಲಿ. ಶುಕ್ರವಾರಕ್ಕೆ ಶೂಟಿಂಗ್ ಮುಗಿಯುತ್ತದೆ, ಶನಿವಾರವೇ ಪ್ಯಾರಿಸ್ಸಿನ ಮನೆ ಬಿಟ್ಟು ತನ್ನ ಮನೆಗೆ ಬಂದುಬಿಡು ಎಂದು ಕೇಳಿದ್ದ. ಐವತ್ತೊಂದರ ಒಡೀಲ್ ಹೂಂ ಅಂದಿದ್ದಳು. ಅಂದಾಗಿನಿಂದ ಮೈ ಹಗುರವಾಗಿತ್ತು.

ಗಾಳಿ ಯಾವಾಗಲೋ ನಿಂತಿತ್ತು. ಹಕ್ಕಿಗಳದೂ ಸದ್ದಿಲ್ಲ. ದಡದಿಂದ ಬಹುದೂರ, ಬತ್ತಿದ ಸಮುದ್ರದ ಮರಳ ಮೇಲೆ ಮೂವತ್ತು ಜನ ಕೆಲಸ ಮಾಡುತ್ತಿದ್ದರು.

ಬೆಳಿಗ್ಗೆ ಅವಳೇ ಕೇಳಿದ್ದಳು, ಆಫೀಸಿನವರು ಕೊಟ್ಟ ದಿನದ ಹಾಳೆಯಲ್ಲಿ ಉಬ್ಬರದ ನೀರು ಬರುವುದು ನಾಲ್ಕಕ್ಕೆ ಅಂತಿದೆಯಲ್ಲ ಎಂದು. ಬಂದರಿನ ಪಟ್ಟಿ ಯಾವತ್ತೂ ಚಳಿಗಾಲದ ಗಂಟೆಯಲ್ಲಿರುತ್ತೆ, ಬೇಸಿಗೆಯಲ್ಲಿ ಗಡಿಯಾರ ಮುಂದಿಡುವುದರಿಂದ ಒಂದು ಗಂಟೆ ಕೂಡಿಸಬೇಕು, ಐದರವರೆಗೆ ಚಿಂತೆಯಿಲ್ಲ ಎಂದು ಗೊಲ್ವೆನ್ ಎಲ್ಲರೆದುರು ಅವಳ ಕೆನ್ನೆ ತಟ್ಟಿದ್ದ. ಎಲ್ಲರೂ ನಕ್ಕಿದ್ದರು, ಅವಳೂ.

ಐದನೇ ಟೇಕ್ ಶುರುವಾಯಿತು. ಮಾನಿಟರಿನಲ್ಲಿ ಶಾಲು, ಕೂದಲು, ಗುಂಡಿ ಎಲ್ಲ ಸರಿಯಿತ್ತು. ನಾಯಕಿಯ ಹಿಂದೆ ಮಾತ್ರ, ನಾಲ್ಕನೇ ಟೇಕಿನಲ್ಲಿ ಇಡಿಯಾಗಿದ್ದ ಕಪ್ಪು ಬಂಡೆ ಅರ್ಧವಾಗಿತ್ತು. ಅವಳು ಹಾಳೆ ತಿರುವಿದಳು. ಅಡಿಯಲ್ಲಿ ಸಣ್ಣಕ್ಷರದಲ್ಲಿತ್ತು: ಬೇಸಿಗೆಯ ಗಂಟೆ ಸೇರಿಸಲಾಗಿದೆ. ಆಫೀಸಿನವರು ಕೂಡಿಸಿದ್ದಕ್ಕೆ ಗೊಲ್ವೆನ್ ಮತ್ತೊಮ್ಮೆ ಕೂಡಿಸಿದ್ದ. ಆಗ ಗಂಟೆ ಮೂರು ಐವತ್ತು.

ಕಟ್ ಅನ್ನುವ ಹಕ್ಕು ನಿರ್ದೇಶಕಿಗೆ ಮಾತ್ರ. ಒಡೀಲಳ ಬಾಯಿಂದ ಆ ಮಾತು ಒಮ್ಮೆಯೂ ಬಂದಿರಲಿಲ್ಲ.

"ಕಟ್. ಎಲ್ಲರೂ ದಡಕ್ಕೆ ನಡೀರಿ, ಈಗಲೇ."

ಗೊಲ್ವೆನ್ ತಿರುಗಿದ. "ನಿನಗ್ಯಾರು ಹೇಳಿದ್ದು?"

ಅವಳು ಅವನ ಬೆನ್ನ ಹಿಂದೆ ಕೈ ತೋರಿಸಿದಳು. ದಡಕ್ಕೂ ಅವರಿಗೂ ನಡುವಿನ ತಗ್ಗಿನಲ್ಲಿ ನೀರು ಸದ್ದಿಲ್ಲದೆ ತುಂಬುತ್ತಿತ್ತು.

ಮೊದಲು ಹೋದವರಿಗೆ ಮೊಣಕಾಲುದ್ದ, ಕ್ಯಾಮೆರಾ ಹೊತ್ತವರಿಗೆ ಸೊಂಟದುದ್ದ. ಕೊನೆಯವನಾಗಿ ಬಂದ ಗೊಲ್ವೆನ್ ಎದೆಮಟ್ಟ ಮುಳುಗಿದ್ದ. ದಡದಲ್ಲಿ ನಿಂತು ತಲೆ ಎಣಿಸುತ್ತಿದ್ದ ಒಡೀಲ್ ಅವನನ್ನು ಮೂವತ್ತು ಎಂದು ಎಣಿಸಿದ ಮೇಲೆಯೇ ಉಸಿರುಬಿಟ್ಟಳು. ಹಳಿಗಳು ಕಾಣಲೇ ಇಲ್ಲ.

ವ್ಯಾನಿನೊಳಗೆ ಅವನು ನಡುಗುತ್ತ ಅವಳ ಹೆಗಲಿಗೆ ಒರಗಿದ. ಅವಳು ಅವನ ತಲೆ ಒರೆಸಿದಳು.

"ನೀನು ಕೂಗಿದ್ದು ಒಳ್ಳೇದಾಯ್ತು, ಚಿನ್ನ. ಇವತ್ತು ಸಮುದ್ರ ಬೇಗ ಬಂದ್ಬಿಡ್ತು."

ಇನ್ನೊಂದು ಮಾತು ಬರುತ್ತದೆಂದು ಅವಳು ಕಾದಳು. ಆಮೇಲೆ ಹಾಳೆ ತೆಗೆದು ಆ ಸಣ್ಣ ಸಾಲಿನ ಮೇಲೆ ಬೆರಳಿಟ್ಟಳು. ಅವನು ಓದಿದ, ಬೆರಳಿಗೆ ಮುತ್ತಿಟ್ಟ.

"ಆಫೀಸಲ್ಲಿ ಕೂತವರಿಗೆ ಸಮುದ್ರ ಏನು ಗೊತ್ತು? ಶನಿವಾರ ಬೆಳಿಗ್ಗೆ ಹತ್ತಕ್ಕೆ ಕಾರು ತರ್ತೀನಿ, ರೆಡಿಯಾಗಿರು."

ಅವನು ಕಣ್ಣು ಮುಚ್ಚಿದ. ಅವಳು ವರದಿಯಲ್ಲಿ ಬರೆದಳು: ನೀರು ಹೇಳಿದ ಹೊತ್ತಿಗೇ ಬಂದಿತು; ಹೊತ್ತನ್ನು ತಪ್ಪಾಗಿ ಲೆಕ್ಕ ಹಾಕಲಾಗಿತ್ತು.

ಶನಿವಾರ ಪ್ಯಾರಿಸ್ಸಿಗೆ ಮೊದಲ ರೈಲು ಆರೂವರೆಗೆ. ಅದರಲ್ಲಿ ಹೋಗಿಬಿಡುವುದು ಎಂದು ಅವಳ ಮನಸ್ಸು ಗಟ್ಟಿಯಾಯಿತು. ಅವನ ಒದ್ದೆ ಕಾಲುಚೀಲಗಳನ್ನು ಮೆಲ್ಲನೆ ಕಳಚಿ, ಹಿಂಡಿ, ಹೀಟರಿನ ಮೇಲೆ ಹರವಿದಳು.