ರಾಜಿಯಾಗದವಳ ಸಹಿ

ಮಂಗಳವಾರ ಬೆಳಿಗ್ಗೆ 9.40ಕ್ಕೆ ಠಾಣೆಗೆ ಬಂದ ಹೆಂಗಸು ಕುರ್ಚಿ ತೋರಿಸಿದರೂ ಕೂರಲಿಲ್ಲ. ಎಡಗೈಯಲ್ಲಿ ಒಂದು ಕಾಗದವಿತ್ತು. ಬಲಗೈಯಲ್ಲಿ ಹೆಬ್ಬೆರಳೂ ತೋರುಬೆರಳೂ ಇರಲಿಲ್ಲ.

“ನಾನು ರಾಜಿ ಆಗಿಲ್ಲ ಸರ್. ಆಗಿದೀನಿ ಅಂತ ಮೇಲಿನ ಕೋರ್ಟಿಗೆ ಹೇಳಿದಾರೆ.”

ಇನ್‌ಸ್ಪೆಕ್ಟರಿಗೆ ಆಕೆಯ ಗುರುತಿತ್ತು. ಎಂಟು ತಿಂಗಳ ಹಿಂದೆ, ಮಾರ್ಚ್ 11ರಂದು, ಬೈಂಡಿಂಗ್ ಕಾರ್ಖಾನೆಯ ಕಾಗದ ಕತ್ತರಿಸುವ ಯಂತ್ರ ಆ ಬೆರಳುಗಳನ್ನು ತಿಂದಿತ್ತು. ಯಂತ್ರದ ಬಾಯಿಗೆ ಅಡ್ಡ ಇರಬೇಕಾದ ಕಾವಲು ಸರಳನ್ನು ಯಾರೋ ಬಿಚ್ಚಿಟ್ಟಿದ್ದರು. ಮಾಲೀಕನ ಮೇಲೆ ನಿರ್ಲಕ್ಷ್ಯದ ಎಫ್‌ಐಆರ್ ದಾಖಲಿಸಿದ್ದು ಇದೇ ಇನ್‌ಸ್ಪೆಕ್ಟರ್. ಈಗ ಅದನ್ನು ರದ್ದುಪಡಿಸಿ ಎಂದು ಮಾಲೀಕ ಮೇಲಿನ ಕೋರ್ಟಿಗೆ ಹೋಗಿದ್ದ. ಜೊತೆಗೆ ಅಕ್ಟೋಬರ್ 27ರ ಪ್ರಮಾಣಪತ್ರ, ಆಕೆಯ ಕೈಯಲ್ಲಿದ್ದದ್ದು ಅದರ ನಕಲು: ‘ನಮ್ಮೊಳಗೆ ರಾಜಿಯಾಗಿದೆ.’ ಕೆಳಗೆ ಆಕೆಯ ಸಹಿ.

ವಿಚಾರಣೆ ಗುರುವಾರ. ಕೋರ್ಟು ಆ ಪತ್ರವನ್ನು ನಂಬಿದರೆ ಎರಡು ಬೆರಳಿನ ಕತೆ ಅಲ್ಲಿಗೆ ಮುಗಿಯಿತು.

“ಒಂದು ಸಹಿ ಹಾಕಿ ತೋರಿಸಿ.”

ಎಡಗೈಯ ಅಕ್ಷರಗಳು ಕುಂಟುತ್ತಾ ಬಂದವು. ಪ್ರಮಾಣಪತ್ರದ ಸಹಿ ನೀರಿನಂತೆ ಹರಿದಿತ್ತು.

“ಅದು ನನ್ನ ಹಳೇ ಸಹಿ ಸರ್. ಈಗ ನಂಗೇ ಬರಲ್ಲ.”

“ಅಂಗೈ ಹುಣ್ಣಿಗೆ ಕನ್ನಡಿ ಬೇಕಾ ಸರ್?” ಎಂದ ಹೆಡ್ ಕಾನ್‌ಸ್ಟೇಬಲ್. ಯಾವ ಕಾಗದ ಎಲ್ಲಿದೆ ಎಂಬುದು ಬಾಯಿಪಾಠವಿದ್ದ ಅವನಿಗೆ ಠಾಣೆಯಲ್ಲಿ ‘ದಫ್ತರ’ ಎಂದೇ ಹೆಸರು.

ಕನ್ನಡಿ ಬೇಕಾಗಿತ್ತು. ಸಹಿ ಸುಳ್ಳು ಎಂದರೆ ಸಾಲದು, ಹಾಕಿದವರು ಯಾರೆಂದು ಹೇಳಬೇಕು. ಇನ್‌ಸ್ಪೆಕ್ಟರ್ ಹೊಸ ಎಫ್‌ಐಆರ್ ದಾಖಲಿಸಿ, ಟೀ ಅರ್ಧಕ್ಕೇ ಬಿಟ್ಟು ಎದ್ದರು.

ನೋಟರಿಯ ಕೋಣೆ, 11.20.

“ಸಹಿ ಹಾಕಿದವರ ಮುಖ ನೋಡಿದ್ರಾ?”

“ಗುರುತಿನ ಚೀಟಿ ಇತ್ತು. ಮುಖಾನೂ ಹೋಲ್ತಿತ್ತು.”

“ಕೈಬೆರಳು?”

“ಬೆರಳು ಎಣಿಸೋದು ಯಾವ ಕಾನೂನಲ್ಲಿದೆ ಸ್ವಾಮಿ? ಪೆನ್ನು ಎತ್ತದೆ ಸಲೀಸಾಗಿ ಹಾಕಿದ್ರು.”

ಮಾಲೀಕ ಎಲ್ಲದಕ್ಕೂ ‘ವಕೀಲರನ್ನು ಕೇಳಿ’ ಎಂದ. ರಾತ್ರಿಯಿಡೀ ಇನ್‌ಸ್ಪೆಕ್ಟರಿಗೆ ನಿದ್ದೆ ಹತ್ತಲಿಲ್ಲ. ಸಲೀಸಾಗಿ ಬರಬೇಕಾದರೆ ಎಷ್ಟು ಸಲ ಹಾಕಿರಬೇಕು? ಎಲ್ಲಿ?

ಬುಧವಾರ ಮಧ್ಯಾಹ್ನ 2.30ಕ್ಕೆ ಕಾರ್ಖಾನೆಯಲ್ಲಿ ಇಬ್ಬರು ಪಂಚರ ಎದುರು ಹಾಜರಿ ಪುಸ್ತಕ ವಶಪಡಿಸಿಕೊಂಡು ಪಂಚನಾಮೆ ಬರೆಯುವಾಗ ದಫ್ತರನ ಬೆರಳು ಒಂದು ಸಾಲಿನ ಮೇಲೆ ನಿಂತಿತು.

“ಸರ್, ಮಾರ್ಚ್ ಹನ್ನೆರಡು ನೋಡಿ. ಆವತ್ತು ದೂರು ಕೊಟ್ಟ ಹೆಂಗಸು ಆಸ್ಪತ್ರೇಲಿದ್ರು.”

ಆಕೆಯ ಸಾಲಿನ ಆ ದಿನದ ಚೌಕದಲ್ಲೂ ಅದೇ ಹರಿಯುವ ಸಹಿ. ಅದರ ಕೆಳಗಿನ ಸಾಲಿನಲ್ಲಿ ಅದೇ ಹಸಿರು ಶಾಯಿಯ ಇನ್ನೊಂದು ಸಹಿ. ಅದು ಅಲ್ಲೇ ಹಾಳೆ ಮಡಿಸುವ ಕೆಲಸದಲ್ಲಿದ್ದ ಆಕೆಯ ತಂಗಿಯದು. 13ರಿಂದ ಅಕ್ಕನ ಸಾಲು ಖಾಲಿ.

ತಂಗಿಯದೂ ಅಕ್ಕನದೇ ಮುಖ. ಪುಸ್ತಕ ಮುಂದಿಟ್ಟ ಕೂಡಲೇ ಕೈಯಲ್ಲಿದ್ದ ಹಾಳೆಗಳನ್ನು ಕೆಳಗಿಟ್ಟಳು.

“ಅಕ್ಕನಿಗೆ ಬಸ್ಸು ತಪ್ಪಿದಾಗೆಲ್ಲ ನಾನೇ ಹಾಕ್ತಿದ್ದೆ ಸರ್. ನಾಲ್ಕು ವರ್ಷ. ಆವತ್ತೂ ಕೈ ತಾನಾಗೇ ಹಾಕ್ಬಿಡ್ತು.”

“ಪ್ರಮಾಣಪತ್ರಕ್ಕೆ?”

“ನಿಮ್ಮಕ್ಕನ ಒಪ್ಪಿಸಿ ಸಹಿ ಮಾಡಿಸ್ಕೊಂಡು ಬಾ ಅಂದ್ರು ಮಾಲೀಕರು. ಅವಳು ಒಪ್ಪಲ್ಲ. ಅವಳ ಗುರುತಿನ ಚೀಟಿ ತಗೊಂಡು ನಾನೇ ಹೋದೆ.”

“ಏನು ಕೊಡ್ತೀನಿ ಅಂದ?”

“ನಾನು ಏನೂ ಕೇಳಿಲ್ಲ.”

“ಮತ್ಯಾಕಮ್ಮ?”

ಒಳಗೆ ಕತ್ತರಿಸುವ ಯಂತ್ರದ ಅಲಗು ಎರಡು ಸಲ ಬಿದ್ದು ಎದ್ದಿತು.

“ಕೇಸು ನಡೆದ್ರೆ ಸರಳು ಬಿಚ್ಚಿದ್ದು ಯಾರು ಅಂತ ಕೇಳ್ತಾರಲ್ಲ ಸರ್. ಕೆಲಸ ಬೇಗ ಆಗ್ಲಿ, ಸರಳು ಬಿಚ್ಚು ಅಂತ ಮಾಲೀಕರು ಹೇಳಿದ್ರು. ಸ್ಪ್ಯಾನರ್ ಹಿಡಿದಿದ್ದು ನಾನು. ಅಕ್ಕನಿಗೆ ಗೊತ್ತಿಲ್ಲ.”

ಸಂಜೆ 4.15ಕ್ಕೆ ಬಂಧನ. ಮಾಲೀಕನನ್ನು ಕರೆತರಲು ಜೀಪು ಹೊರಟಿತು. ಮೇಲಿನ ಕೋರ್ಟಿಗೆ ವರದಿ ಸಿದ್ಧವಾಯಿತು. ಬಂಧನದ ಪತ್ರದಲ್ಲಿ ಒಂದು ಜಾಗ ಉಳಿದಿತ್ತು: ಮಾಹಿತಿ ಪಡೆದ ಸಂಬಂಧಿಯ ಸಹಿ.

“ಯಾರಿದ್ದಾರೆ ನಿಮಗೆ?”

“ಅಕ್ಕ ಒಬ್ಬಳೇ.”

5.50ಕ್ಕೆ ಅಕ್ಕ ಬಂದಳು. ಈ ಸಲ ಕುರ್ಚಿಯಲ್ಲಿ ಕುಳಿತು, ತಂಗಿಯ ಹೇಳಿಕೆಯನ್ನು ಕೊನೆಯವರೆಗೆ ಓದಿದಳು. ಎಡಗೈಗೆ ಪೆನ್ನು ತೆಗೆದುಕೊಂಡಳು. ಮೊದಲ ಅಕ್ಷರಕ್ಕೇ ಕಾಗದ ಜಾರಿತು.

ಎದುರಿಗೆ ನಿಂತಿದ್ದ ತಂಗಿಯ ಕೈ ಪೆನ್ನಿನ ಕಡೆ ಅರ್ಧದವರೆಗೆ ಬಂತು. ಆಮೇಲೆ ಬದಿಗೆ ಸರಿದು, ಅಕ್ಕ ಬರೆದು ಮುಗಿಸುವ ತನಕ ಕಾಗದದ ಅಂಚನ್ನು ಒತ್ತಿ ಹಿಡಿಯಿತು.