ವೆಲೆನ್ಸಿಯಾದಲ್ಲಿ ಹಿಂದಿನ ಸೀಟು

ನಿವೇದಿತಾ ಕೇಳಿದ ಮೊದಲ ಪ್ರಶ್ನೆಗೇ ನಾನು ಸುಳ್ಳು ಹೇಳಿದೆ.

"ನಿಮಗೆ ಸೈಕಲ್ ಬರಲ್ವಾ?"

"ಬರಲ್ಲ."

ಮೇ ತಿಂಗಳ ಒಂದು ಗುರುವಾರ, ಬೆಳಿಗ್ಗೆ ಹತ್ತು ಗಂಟೆ. ಸ್ಪೇನಿನ ಪೂರ್ವ ಕರಾವಳಿಯ ವೆಲೆನ್ಸಿಯಾ ನಗರದಲ್ಲಿ, ಹಳೆಯ ಕೋಟೆಬಾಗಿಲಿನ ಅವಳಿ ಬುರುಜುಗಳ ನೆರಳಿನಲ್ಲಿ ಹತ್ತು ಮಂದಿ ಸೈಕಲ್ ಟೂರಿಗೆಂದು ಸೇರಿದ್ದೆವು. ನಾಲ್ಕು ಜೋಡಿಗಳು. ಒಂಟಿಯಾಗಿ ಬಂದವರು ನಾನು ಮತ್ತು ಹಳದಿ ಅಂಗಿ ತೊಟ್ಟ ಅವಳು. ಇಬ್ಬರು ತುಳಿಯುವ ಟ್ಯಾಂಡಮ್ ಸೈಕಲ್ ಬೇಕು, ಮುಂದಿನ ಸೀಟಿಗೆ ನಿಮ್ಮ ಕಡೆಯವರೊಬ್ಬರು ಬೇಕು ಎಂದು ನಾನು ಮೊದಲೇ ಇಮೇಲ್ ಬರೆದಿದ್ದೆ, ಕಾರಣವನ್ನೂ ತಿಳಿಸಿದ್ದೆ. ಆದರೆ ಅಂದು ಮುಂದೆ ಕೂರಬೇಕಾದ ಸಿಬ್ಬಂದಿಗೆ ಜ್ವರ. ಗೈಡ್ ಅಂಪಾರೋ, ಐವತ್ತರ ಗಟ್ಟಿ ಹೆಂಗಸು, ಕಾರಣ ಬಾಯಿಬಿಡದೆ ಯಾರಾದರೂ ಇವರ ಮುಂದೆ ಕೂರುತ್ತೀರಾ ಎಂದು ಗುಂಪನ್ನು ಕೇಳಿದಳು. ಹಳದಿ ಅಂಗಿಯ ಕೈ ಮೇಲೆದ್ದಿತು.

ಹತ್ತಿರ ಬಂದವಳೇ ಕನ್ನಡದಲ್ಲಿ ಆ ಪ್ರಶ್ನೆ ಕೇಳಿದ್ದಳು.

ನನ್ನ ಆಶ್ಚರ್ಯ ನೋಡಿ ಅವಳಿಗೆ ಖುಷಿಯಾದಂತಿತ್ತು. "ಶೋಭಿತ್ ಅಲ್ವಾ? ಕೊವೆಂಟ್ರಿ. ಯುಗಾದಿ ಕಾರ್ಯಕ್ರಮದಲ್ಲಿ ನಾನು ನಿಮ್ಮನ್ನ ನೋಡಿದೀನಿ. ನೀವು ನನ್ನನ್ನ ನೋಡಿಲ್ಲ."

ಆ ಕೊನೆಯ ಮಾತಿನಲ್ಲಿ ಏನೋ ಮೊನಚಿತ್ತು. ಅದೇನೆಂದು ಕೇಳುವ ಮೊದಲೇ ಅಂಪಾರೋ ಹೊರಡಿಸಿಬಿಟ್ಟಳು.

ಸುಳ್ಳು ಹೇಳಿದ್ದೇಕೆಂದು ಇಲ್ಲೇ ಹೇಳಿಬಿಡುತ್ತೇನೆ. ನನಗೆ ರೆಟಿನೈಟಿಸ್ ಪಿಗ್ಮೆಂಟೋಸಾ ಎಂಬ ಕಣ್ಣಿನ ಕಾಯಿಲೆಯಿದೆ. ಹುಟ್ಟಿನಿಂದ ಬಂದದ್ದು, ನಿಧಾನವಾಗಿ ಬೆಳೆಯುವಂಥದ್ದು. ಮೊದಲು ಕತ್ತಲಲ್ಲಿ ಕಾಣುವುದು ಕಡಿಮೆಯಾಗುತ್ತದೆ, ಆಮೇಲೆ ಅಕ್ಕಪಕ್ಕದ ನೋಟ ಸವೆಯುತ್ತದೆ. ಈಗ ನನಗೆ ಮೂವತ್ತೈದು. ನೇರ ಎದುರಿನದು ಸ್ಪಷ್ಟವಾಗಿ ಕಾಣುತ್ತದೆ, ಪುಸ್ತಕ ಓದುತ್ತೇನೆ, ಕಾರಿನ ಬಾಗಿಲುಗಳ ವಿನ್ಯಾಸ ಮಾಡುವ ಕೆಲಸವನ್ನೂ ಮಾಡುತ್ತೇನೆ. ಎರಡೂ ಬದಿಗೆ ಏನೂ ಇಲ್ಲ. ನಾಲ್ಕು ವರ್ಷದ ಹಿಂದೆ ಡ್ರೈವಿಂಗ್ ಲೈಸೆನ್ಸ್ ವಾಪಸ್ ಕೊಟ್ಟೆ. ಮರುವರ್ಷ, ಇಂಗ್ಲೆಂಡಿನಲ್ಲಿ ನಾನಿರುವ ಕೊವೆಂಟ್ರಿಯ ಕಾಲುವೆ ದಾರಿಯಲ್ಲಿ, ಪಕ್ಕದಿಂದ ಬಂದ ಒಂದು ನಾಯಿ ಕಾಣದೆ ಬಿದ್ದ ಮೇಲೆ ಸೈಕಲನ್ನೂ ಬಿಟ್ಟೆ.

ಇದನ್ನು ಹೇಳಿದ ಕೂಡಲೇ ಜನರ ಧ್ವನಿ ಬದಲಾಗುತ್ತದೆ. ಸ್ವಲ್ಪ ಜೋರಾಗಿ, ಸ್ವಲ್ಪ ನಿಧಾನವಾಗಿ ಮಾತಾಡಲು ಶುರುಮಾಡುತ್ತಾರೆ. ಮದುವೆಯ ಮಾತುಕತೆ ಎರಡು ಸಲ ನಡೆದಿತ್ತು. ಬಯೋಡೇಟಾದಲ್ಲಿ ಎತ್ತರ, ನಕ್ಷತ್ರ, ವೀಸಾ ಎಲ್ಲದಕ್ಕೂ ಜಾಗವಿದೆ, ಇದಕ್ಕಿಲ್ಲ. "ನಿಶ್ಚಿತಾರ್ಥ ಆಗ್ಲಿ ಮಾರಾಯಾ, ಮತ್ತೆ ಹೇಳುವ," ಎಂದು ಉಡುಪಿಯಿಂದ ಅಮ್ಮ ಹೇಳಿದ್ದಳು. ಮೊದಲ ಸಲ ಅವಳ ಮಾತು ಕೇಳಿದೆ. ಹುಡುಗಿಯ ಮನೆಯವರಿಗೆ ಬೇರೆಯವರಿಂದ ಗೊತ್ತಾಗಿ, ಮುಚ್ಚಿಟ್ಟರು ಎಂಬ ಹೆಸರು ಅಮ್ಮನಿಗೇ ಬಂತು. ಎರಡನೇ ಸಲ ನಾನೇ ಮೊದಲ ಭೇಟಿಯಲ್ಲಿ ಹೇಳಿದೆ. ಆ ಹುಡುಗಿ ಬಹಳ ಒಳ್ಳೆಯವಳು. ಬಹಳ ನಿಧಾನವಾಗಿ ಮಾತಾಡಿದಳು, ಮತ್ತೆ ಫೋನ್ ಮಾಡಲಿಲ್ಲ.

ಹಾಗಾಗಿ ಮೂರು ಗಂಟೆ ಕಾಲ ಮಾಮೂಲಿ ಧ್ವನಿಯಲ್ಲಿ ಯಾರಾದರೂ ನನ್ನ ಜೊತೆ ಮಾತಾಡಲಿ ಎನಿಸಿತ್ತು. ಅಷ್ಟೇ.

ಟ್ಯಾಂಡಮ್‌ನಲ್ಲಿ ಹಿಂದೆ ಕೂತವನಿಗೆ ಕಾಣುವುದು ಮುಂದಿನವರ ಬೆನ್ನು. ನನಗೆ ಅಷ್ಟು ಸಾಕು. ಎತ್ತಿ ಕಟ್ಟಿದ ಕೂದಲು, ಕುತ್ತಿಗೆಯ ಬಲಕ್ಕೆ ಒಂದು ಮಚ್ಚೆ, ತಿರುವು ಬಂದಾಗಲೆಲ್ಲ ತುಸು ಮೇಲೇಳುವ ಎಡ ಭುಜ. ಅವಳು ಬರ್ಮಿಂಗ್‌ಹ್ಯಾಮ್‌ನ ಹಾರ್ಬೋರ್ನ್‌ನಲ್ಲಿರುವುದು, ಆಸ್ಪತ್ರೆಯ ಸ್ಟ್ರೋಕ್ ವಾರ್ಡಿನಲ್ಲಿ ಫಿಸಿಯೋಥೆರಪಿಸ್ಟ್ ಆಗಿರುವುದು, ಜೊತೆಗೆ ಬರಬೇಕಿದ್ದ ಗೆಳತಿ ಮೈತ್ರೇಯಿಗೆ ಡ್ಯೂಟಿ ರೋಟಾ ಬದಲಾಗಿ ರಜೆ ತಪ್ಪಿದ್ದು, ಎಲ್ಲ ಮೊದಲ ಅರ್ಧ ಗಂಟೆಯಲ್ಲೇ ತಿಳಿಯಿತು. ಅಪ್ಪ ಅಮ್ಮ ವಿಜಯಪುರದವರು. ಅವಳಿಗೆ ಐದು ವರ್ಷವಾಗಿದ್ದಾಗ ಶೆಫೀಲ್ಡ್‌ನ ಬ್ರೂಮ್‌ಹಿಲ್‌ಗೆ ಬಂದು ನೆಲೆಸಿದರು.

"ತುಳೀತಿದೀರಾ, ಸುಮ್ನೆ ಕೂತಿದೀರಾ?" ಎಂದು ಒಮ್ಮೆ ತಿರುಗಿ ಕೇಳಿದಳು.

"ತುಳೀತಿದೀನಿ."

"ನಂಬೋದು ಹೇಗೆ?"

ನಾನು ಎರಡು ಸುತ್ತು ಜೋರಾಗಿ ತುಳಿದೆ. ಸೈಕಲ್ ಮುಂದಕ್ಕೆ ಹಾರಿತು. ಅವಳು ನಕ್ಕ ನಗು ನನಗೆ ಕಾಣಲಿಲ್ಲ, ಬೆನ್ನಿನಲ್ಲಿ ತಿಳಿಯಿತು.

ಹನ್ನೆರಡಕ್ಕೆ ಅಂಪಾರೋ ನಮ್ಮನ್ನು ಕೆಥೆಡ್ರಲ್‌ನ ಪಕ್ಕದ ಬಾಗಿಲಿಗೆ ಕರೆತಂದಳು. ಪ್ರತಿ ಗುರುವಾರ ಅಲ್ಲಿ ನೀರಿನ ನ್ಯಾಯಾಲಯ ಸೇರುತ್ತದೆ. ಸುತ್ತಲಿನ ಹೊಲಗಳಿಗೆ ಹೋಗುವ ಕಾಲುವೆಗಳ ಪ್ರತಿನಿಧಿಗಳು, ರೈತರೇ, ಕಪ್ಪು ನಿಲುವಂಗಿ ತೊಟ್ಟು ವೃತ್ತಾಕಾರದಲ್ಲಿ ಕೂರುತ್ತಾರೆ. ಒಂದೊಂದು ಕಾಲುವೆಯ ಹೆಸರು ಹಿಡಿದು ದೂರು ಇದೆಯೇ ಎಂದು ಕೂಗಲಾಗುತ್ತದೆ. ವಾದ, ತೀರ್ಪು ಎಲ್ಲವೂ ಬಾಯಿಮಾತಿನಲ್ಲೇ. ನೂರಾರು ವರ್ಷಗಳಿಂದ ನಡೆದುಬಂದದ್ದು. ಅಂದು ಯಾವ ಕಾಲುವೆಯದೂ ದೂರಿರಲಿಲ್ಲ. ಐದೇ ನಿಮಿಷದಲ್ಲಿ ಎದ್ದು ಹೋದರು.

"ನನ್ನದೊಂದು ದೂರಿದೆ," ಎಂದಳು ನಿವೇದಿತಾ.

ಅವಳತ್ತ ತಿರುಗಿದೆ. ಯಾರನ್ನಾದರೂ ನೋಡಬೇಕಾದರೆ ನಾನು ಇಡೀ ಮುಖ ತಿರುಗಿಸಿ ನೇರವಾಗಿಯೇ ನೋಡಬೇಕು. ಕಡೆಗಣ್ಣಿನ ನೋಟ ನನಗೆ ಸಾಧ್ಯವಿಲ್ಲ. ಅವಳು ಒಂದು ಕ್ಷಣ ತಡವರಿಸಿ, ಕಿವಿಯ ಹಿಂದಕ್ಕೆ ಕೂದಲು ಸರಿಸಿದಳು. ಕಣ್ಣು ಕಂದುಬಣ್ಣ, ಎಡಗಣ್ಣಿನ ಕೆಳಗೆ ಬಿಸಿಲಿಗೆ ಕೆಂಪಾದ ಒಂದು ಚುಕ್ಕೆ.

"ಹೀಗೆ ದಿಟ್ಟಿಸಿ ನೋಡಿದ್ರೆ ಮರೆತುಹೋಗತ್ತೆ," ಎಂದಳು. ಆಮೇಲೆ ಹೇಳಿದಳು. ಯುಗಾದಿಯ ದಿನ ಹಾಲ್‌ನ ಬಾಗಿಲಲ್ಲಿ ಬೇವು ಬೆಲ್ಲ ಕೊಡುವ ಕೆಲಸ ಅವಳದಾಗಿತ್ತು. ನಾನು ಬಂದಾಗ ಚಮಚ ಮುಂದೆ ಹಿಡಿದಳು. ಮುಖ ಕೂಡ ನೋಡದೆ ದಾಟಿ ಹೋದೆನಂತೆ. ಹಿಂದೆ ನಿಂತಿದ್ದ ಹೆಂಗಸರು ನಕ್ಕರಂತೆ. "ಹಬ್ಬದ ದಿನ ಬೇವು ಬೆಲ್ಲ ಬೇಡ ಅನ್ನೋರನ್ನ ನಾನು ಮೊದಲ ಸಲ ನೋಡಿದ್ದು. ಇವತ್ತು ಬೆಳಿಗ್ಗೆ ಕೈ ಎತ್ತಿದ್ದು ಅದಕ್ಕೇ. ಮೂರು ಗಂಟೆ ನನ್ನ ಹಿಂದೆ ಕೂರಿಸಿ ಕಾರಣ ಕೇಳೋಣ ಅಂತ."

ಸತ್ಯ ಹೇಳಲು ಅದಕ್ಕಿಂತ ಒಳ್ಳೆಯ ಜಾಗ ಸಿಗುತ್ತಿರಲಿಲ್ಲ.

"ಸಾರಿ. ಫೋನ್ ನೋಡ್ತಿದ್ದೆ ಅನ್ಸತ್ತೆ," ಎಂದೆ.

ಅವಳು ತಲೆಯಾಡಿಸಿದಳು. ಆ ಉತ್ತರಕ್ಕಾಗಿ ಎರಡು ಗಂಟೆ ಕಾದದ್ದು ದಂಡವಾಯಿತು ಎಂಬಂತೆ ಹೆಲ್ಮೆಟ್ ಹಾಕಿಕೊಂಡಳು.

ಅಲ್ಲಿಂದ ನದಿಯ ಪಾತ್ರಕ್ಕೆ ಇಳಿದೆವು. 1957ರ ಪ್ರವಾಹದ ನಂತರ ಟೂರಿಯಾ ನದಿಯನ್ನು ಊರಿನ ಹೊರಗೆ ತಿರುಗಿಸಿ, ಬತ್ತಿದ ಪಾತ್ರವನ್ನು ಉದ್ಯಾನ ಮಾಡಿದ್ದಾರೆ. ನೀರಿಲ್ಲದ ಹಳೆಯ ಕಲ್ಲು ಸೇತುವೆಗಳ ಕೆಳಗೆ ಸೈಕಲ್ ದಾರಿ ಹೋಗುತ್ತದೆ. ಒಂದು ಸೇತುವೆಯ ನೆರಳಲ್ಲಿ ಅಂಪಾರೋ ಹದಿನೈದು ನಿಮಿಷದ ವಿರಾಮ ಕೊಟ್ಟಳು. ಉಳಿದವರು ಹುಲ್ಲಿನ ಮೇಲೆ ಚೆಲ್ಲಿಕೊಂಡರು.

ನಿವೇದಿತಾಳ ಸಿಟ್ಟು ಹೆಚ್ಚು ಹೊತ್ತು ನಿಲ್ಲುವ ಜಾತಿಯದಲ್ಲ. ಅವಳು ದಾರಿಯ ಎರಡೂ ಕಡೆ ನೋಡಿ, ಸೈಕಲ್ಲನ್ನು ನನ್ನ ಕಡೆ ತಿರುಗಿಸಿದಳು.

"ಬನ್ನಿ. ಮುಂದೆ ಕೂತ್ಕೊಳ್ಳಿ."

"ಯಾಕೆ?"

"ಕಲಿಸ್ತೀನಿ. ನೆಲ ಮಟ್ಟಸ ಇದೆ, ದಾರಿ ಖಾಲಿ ಇದೆ. ಹಿಂದೆ ನಾನು ಬ್ಯಾಲೆನ್ಸ್ ಮಾಡ್ತೀನಿ. ಎಪ್ಪತ್ತು ವರ್ಷದ ಅಜ್ಜಂದಿರಿಗೆ ನಡೆಯೋದು ಕಲಿಸಿದೀನಿ, ನಿಮಗೆ ಸೈಕಲ್ ಕಲಿಸಕ್ಕಾಗಲ್ವಾ?"

ಹ್ಯಾಂಡಲ್ ಹಿಡಿದೆ. ಎಷ್ಟೋ ಕಾಲದ ಮೇಲೆ ಬ್ರೇಕಿನ ತಣ್ಣನೆ ಕಬ್ಬಿಣ ಬೆರಳಿಗೆ ತಾಗಿತು. ಎದುರಿಗೆ ನೂರು ಮೀಟರ್ ನೇರ ದಾರಿ, ಅದು ಚೆನ್ನಾಗಿ ಕಾಣುತ್ತಿತ್ತು. ಎರಡು ನಿಮಿಷ ಓಡಿಸಿ ನಿಲ್ಲಿಸಿದರೆ ಅವಳಿಗೆ ಏನೂ ಗೊತ್ತಾಗುವುದಿಲ್ಲ. ತಾನೇ ಕಲಿಸಿದೆ ಎಂದು ಖುಷಿಪಡುತ್ತಾಳೆ. ಸಂಜೆ ಕಾಫಿಗೆ ಕರೆದರೆ ಬಂದರೂ ಬರಬಹುದು. ಬಲಗಡೆ ಎಲ್ಲೋ ಮಕ್ಕಳು ಚೆಂಡಾಡುವ ಸದ್ದು ಕೇಳುತ್ತಿತ್ತು. ಎಷ್ಟು ದೂರದಲ್ಲೆಂದು ನನಗೆ ತಿಳಿಯಲಿಲ್ಲ. ಅವಳು ಆಗಲೇ ಹಿಂದಿನ ಸೀಟಿಗೆ ಏರಿ, ಒಂದು ಕಾಲು ನೆಲಕ್ಕೂರಿ, ನನ್ನನ್ನು ಪೂರ್ತಿ ನಂಬಿ ಕೂತಿದ್ದಳು.

"ಇಳೀರಿ," ಎಂದೆ.

"ಭಯಾನಾ?"

"ಸೈಕಲ್ ನನಗೆ ಆರನೇ ವಯಸ್ಸಿಂದ ಬರತ್ತೆ. ಸುಳ್ಳು ಹೇಳಿದೆ. ಪಕ್ಕದಿಂದ ಬರೋದು ನನಗೆ ಕಾಣಲ್ಲ, ನಿವೇದಿತಾ. ಯುಗಾದಿ ದಿನ ಫೋನ್ ಇರಲಿಲ್ಲ ಕೈಯಲ್ಲಿ. ನೀವು ಕಾಣಲಿಲ್ಲ."

ಆಮೇಲೆ ಎಲ್ಲ ಹೇಳಿದೆ. ಕಾಯಿಲೆಯ ಹೆಸರು, ಲೈಸೆನ್ಸ್, ಅಪ್ಪನಿಗೆ ಅಮ್ಮ ಸೋದರಮಾವನ ಮಗಳೆಂಬುದು, ಮುಂದೆ ಎಷ್ಟು ಉಳಿಯುತ್ತದೆಂದು ಡಾಕ್ಟರರೂ ಹೇಳಲಾರರೆಂಬುದು. ಹೇಳುತ್ತ ಸೈಕಲ್ಲಿನ ಗಂಟೆಯನ್ನೇ ನೋಡುತ್ತಿದ್ದೆ. ಮುಗಿಸಿದ ಮೇಲೆ ಅವಳ ಧ್ವನಿಗಾಗಿ ಕಾದೆ.

ಅವಳು ಇಳಿದು ನನ್ನೆದುರಿಗೆ ಬಂದು ನಿಂತಳು. "ನನ್ನ ಮೂಗು ನೋಡಿ," ಎಂದಳು.

ನೋಡಿದೆ. ಅವಳು ಎರಡೂ ಕೈ ಚಾಚಿ, ತೋರುಬೆರಳುಗಳನ್ನು ನನ್ನ ಕಿವಿಗಳ ಹಿಂದಿನಿಂದ ನಿಧಾನಕ್ಕೆ ಮುಂದಕ್ಕೆ ತಂದಳು. ಕಂಡಾಗ ಹೇಳಬೇಕು. ಕ್ಲಿನಿಕ್ಕಿನಲ್ಲಿ ಎಷ್ಟೋ ಸಲ ಮಾಡಿಸಿಕೊಂಡ ಪರೀಕ್ಷೆ. ಅಲ್ಲಿ ಯಾರ ಉಸಿರೂ ಇಷ್ಟು ಹತ್ತಿರವಿರಲಿಲ್ಲ. ನಾನು ಅವಳ ಮೂಗನ್ನೇ ನೋಡುತ್ತಿದ್ದೆ, ಅಲ್ಲಿ ಸಣ್ಣ ಬೆವರ ಹನಿಗಳಿದ್ದವು. ಬಹಳ ಹೊತ್ತಿನ ಮೇಲೆ "ಈಗ," ಎಂದೆ. ಅವಳ ಬೆರಳುಗಳು ಆಗ ನಮ್ಮಿಬ್ಬರ ಮುಖಗಳ ನಡುವೆ, ಹೆಚ್ಚುಕಡಿಮೆ ಒಂದಕ್ಕೊಂದು ತಾಗುವಷ್ಟರಲ್ಲಿದ್ದವು. ಅವಳು ಕೂಡಲೇ ಕೈ ತೆಗೆಯಲಿಲ್ಲ.

"ದಿನಾ ವಾರ್ಡಲ್ಲಿ ಇದನ್ನೇ ಮಾಡ್ತೀನಿ," ಎಂದಳು. "ನಿಮ್ಮ ವಿಷಯದಲ್ಲಿ ಮಾತ್ರ ಅಹಂಕಾರ ಅಂತ ತೀರ್ಮಾನ ಮಾಡ್ಬಿಟ್ಟೆ. ಅದು ನನ್ನ ತಪ್ಪು. ಸೈಕಲ್ ಬರಲ್ಲ ಅಂದಿದ್ದು ನಿಮ್ಮ ತಪ್ಪು. ಅರ್ಧ ಗಂಟೆಯಿಂದ ಹೇಗೆ ಕಲಿಸ್ಲಿ ಅಂತ ಯೋಚಿಸ್ತಾ ಕೂತಿದೀನಿ ನಾನು. ಮಾನ ಮರ್ಯಾದೆ ಇದೆಯಾ ನಿಮಗೆ?"

ಅವಳು ಬೈಯುತ್ತಿದ್ದಳು. ಮಾಮೂಲಿ ವೇಗದಲ್ಲಿ, ಮಾಮೂಲಿ ಧ್ವನಿಯಲ್ಲಿ.

ಮತ್ತೆ ಹೊರಟಾಗ ಅವಳು ಮುಂದೆ ಕೂತು, ಕೇಳದೆಯೇ ಎರಡೂ ಬದಿ ಹೇಳತೊಡಗಿದಳು. ಎಡಗಡೆ ಕಿತ್ತಳೆ ಮರ, ಕಾಯಿ ಇಲ್ಲ. ಬಲಗಡೆ ಒಬ್ಬಳು ಅಜ್ಜಿ, ನಾಯಿಗೆ ಐಸ್‌ಕ್ರೀಮ್ ತಿನ್ನಿಸ್ತಿದಾಳೆ. ಈಗ ಉಬ್ಬು ಬರತ್ತೆ. ಬಲಗಡೆ ಒಂದು ಜೋಡಿ, ಅದು ಹೇಳಲ್ಲ. ಅಷ್ಟು ಅಗಲವಾದ ಊರನ್ನು ನಾನು ಬಹಳ ವರ್ಷದಿಂದ ನೋಡಿರಲಿಲ್ಲ.

ಸಂಜೆ ಕಾಫಿಗೆ ನಾನು ಕರೆಯಬೇಕಾಗಲಿಲ್ಲ. ಅವಳೇ ಕರೆದಳು.

ಊರಿಗೆ ಮರಳಿದ ಮೇಲೆ ಪ್ರತಿ ಭಾನುವಾರ ಕೊವೆಂಟ್ರಿಯಿಂದ ರೈಲು ಹಿಡಿದು ಬರ್ಮಿಂಗ್‌ಹ್ಯಾಮ್‌ಗೆ ಹೋದೆ, ಅಲ್ಲಿಂದ ಹಾರ್ಬೋರ್ನ್‌ಗೆ ಬಸ್ಸು. ಅವಳ ರೋಟಾ ಅಡ್ಡ ಬಂದರೆ ಅವಳು ಬುಧವಾರ ಬರುತ್ತಿದ್ದಳು. ಎಂಟು ವಾರ ಹೀಗೆ ಕಳೆಯಿತು. ಅವಳ ಅಮ್ಮ ಪ್ರಭಾವತಿ ಬ್ರೂಮ್‌ಹಿಲ್‌ನಲ್ಲಿ GP, ಅಂದರೆ ಬಡಾವಣೆಯ ಕುಟುಂಬ ವೈದ್ಯೆ. ಹದಿನೈದು ದಿನಕ್ಕೊಂದು ಬಯೋಡೇಟಾ ಕಳಿಸುವುದನ್ನು ನಿಲ್ಲಿಸಿರಲಿಲ್ಲ. ನಿವೇದಿತಾ ಅವನ್ನು ನನಗೆ ತೋರಿಸಿ ನಗುತ್ತಿದ್ದಳು. ನನಗೆ ನಗು ಬರುತ್ತಿರಲಿಲ್ಲ.

ಜುಲೈನ ಒಂದು ಮಧ್ಯಾಹ್ನ, ಅವಳ ಅಡುಗೆಮನೆಯಲ್ಲಿ ಒಂದು ಮಾತು ಹೇಳಿದೆ. ನಮ್ಮ ವಿಷಯ ಅವಳ ಅಮ್ಮನಿಗೆ ಹೇಳುವುದಾದರೆ ಮೊದಲು ಕಣ್ಣು, ಆಮೇಲೆ ಮಿಕ್ಕಿದ್ದು. ಒಳ್ಳೆಯ ಹುಡುಗ ಎಂದು ಶುರುಮಾಡಿ ಕಣ್ಣನ್ನು ಕೊನೆಗೆ ಸೇರಿಸುವುದು ಬೇಡ.

ಅವಳು ನನ್ನನ್ನೇ ನೋಡುತ್ತ ಫೋನ್ ಕೈಗೆತ್ತಿಕೊಂಡಳು. ಇವತ್ತೇ ಎಂದು ನಾನು ಹೇಳಿರಲಿಲ್ಲ.

"ಅವ್ವಾ, ಪೂರ್ತಿ ಕೇಳು, ಆಮ್ಯಾಲ ಮಾತಾಡು. ಒಬ್ಬರಿಗೆ ಮೂವತ್ತೈದು ವಯಸ್ಸು, ರೆಟಿನೈಟಿಸ್ ಪಿಗ್ಮೆಂಟೋಸಾ. ನೋಟದ ಫೀಲ್ಡ್ ಇಪ್ಪತ್ತು ಡಿಗ್ರಿ. ತಾಯಿ ತಂದಿ ಸಂಬಂಧದಾಗ ಮದುವಿ ಆದವ್ರು."

ಸ್ಪೀಕರಿನಲ್ಲಿ ಬಂದ ಧ್ವನಿಗೆ ಅವಸರವಿರಲಿಲ್ಲ. ಸೆಂಟ್ರಲ್ ವಿಷನ್ ಹೇಗಿದೆ, ಕಣ್ಣಿನ ಹಿಂಪರದೆಯ ನಡುಭಾಗ ಮ್ಯಾಕುಲಾದಲ್ಲಿ ನೀರು ತುಂಬಿದೆಯೇ, ಜೀನ್ ಟೆಸ್ಟ್ ಆಗಿದೆಯೇ ಎಂದು ಒಂದರ ಹಿಂದೊಂದು ಕೇಳಿದರು. ಮಗಳು ಒಂದೊಂದಕ್ಕೂ ಉತ್ತರಿಸಿದಳು. ಹತ್ತು ವರ್ಷದಲ್ಲಿ ಏನಾಗಬಹುದೆಂದು ಖಚಿತವಾಗಿ ಹೇಳಲಾಗದು, ಓದುವ ದೃಷ್ಟಿ ಬಹಳ ಕಾಲ ಉಳಿಯಲೂಬಹುದು ಎಂದರು ಪ್ರಭಾವತಿ.

"ಮಕ್ಕಳ ವಿಷಯ ಕೇಳ್ಯಾರೇನು? ಹೆಂಡತಿನೂ ಟೆಸ್ಟ್ ಮಾಡಿಸಿದ್ರ ಚಲೋ."

"ಕ್ಲಿನಿಕ್ಕಿಗೆ ರೆಫರಲ್ ಹೋಗೇತಿ. ಡೇಟ್ ಕಾಯಾಕತ್ತೀನಿ."

ಅವಳು ತನ್ನ ಜೀನ್ ಟೆಸ್ಟಿಗೂ ರೆಫರಲ್ ಹಾಕಿಸಿದ ವಿಷಯ ನನಗೆ ಗೊತ್ತಿರಲಿಲ್ಲ. ನಾನು ಕುರ್ಚಿಯ ಬೆನ್ನನ್ನು ಹಿಡಿದುಕೊಂಡೆ.

"ಕಾಯಾಕತ್ತೀನಿ ಅಂದಿ," ಎಂದರು ಪ್ರಭಾವತಿ. "ನಿನ್ನ ಪೇಶಂಟ್ ಅಂತ ತಿಳ್ಕೊಂಡಿದ್ದೆ ನಾ."

"ಪೇಶಂಟ್ ಅಲ್ಲವ್ವಾ."

"ಅಲ್ಲೇ ಅದಾನೇನು?"

"ಅದಾನ."

"ಫೋನ್ ಅವನ ಕೈಯಾಗ ಕೊಡು. ಸ್ಪೀಕರ್ ತಗಿ."

ಫೋನ್ ಕಿವಿಗಿಟ್ಟುಕೊಂಡೆ. ಅವರು ಹೆಸರು, ಊರು ಕೇಳಲಿಲ್ಲ. ಕೊನೆಯ ಫೀಲ್ಡ್ ಟೆಸ್ಟ್ ಯಾವಾಗ ಆಯಿತೆಂದು ಕೇಳಿದರು. ಹೇಳಿದೆ. ಇನ್ನೊಂದು ಮಾತು ಕೇಳಿದರು, ಅದಕ್ಕೂ ಉತ್ತರಿಸಿದೆ. ಆಮೇಲೆ ಒಂದೇ ಮಾತು ಹೇಳಿ ಫೋನ್ ಇಟ್ಟರು.

"ಏನಂದ್ರು?" ಎಂದಳು ನಿವೇದಿತಾ. ಅವಳ ಮುಖ ಬಿಳಿಚಿಕೊಂಡಿತ್ತು.

"ಎಲ್ಲ ರಿಪೋರ್ಟ್ ತಗೊಂಡು ಮುಂದಿನ ಭಾನುವಾರ ಬಾ ಅಂದ್ರು. ಊಟಕ್ಕೆ."

"ಇನ್ನೊಂದು ಏನೋ ಕೇಳಿದ್ರಲ್ಲ?"

"ಈ ರೋಗದ ವಿಷಯ ನನ್ನ ಮಗಳಿಗೆ ಯಾರು ಹೇಳಿದ್ದು ಅಂದ್ರು. ನಾನೇ, ಪರಿಚಯ ಆದ ದಿನಾನೇ, ಅಂದೆ."

ಅವಳು ಸ್ಟೂಲ್ ಎಳೆದು ಕೂತು ಅಂಗೈಯಲ್ಲಿ ಮುಖ ಮುಚ್ಚಿಕೊಂಡಳು. ಭುಜ ಅಲುಗುತ್ತಿತ್ತು. ನಗುವೋ ಅಳುವೋ ತಿಳಿಯಲಿಲ್ಲ. ಹತ್ತಿರ ಹೋಗಿ ಕೈ ಸರಿಸಿ ನೋಡಿದೆ. ಎರಡೂ ಇತ್ತು.