ಖಂಡೆ ಪೂಜೆಯ ದಿನ ತಿರುಗಿದ ಚಕ್ರ

ಉದ್ದವ್ವ ಹೊಸ್ತಿಲ ಹೊರಗೇ ಕುಸಿದು ಕುಳಿತಳು. "ನನ್ನ ಗಂಡ ಸತ್ತೆಪ್ಪನ್ನ ಉಳಸ್ರಿ ಅಕ್ಕೋರ. ಗಿರಣಿ ಧಣೀನ್ನ ಕೊಂದಾನಂತ ಹಿಡದಾರ. ಗಲ್ಲಿಗಿ ಹಾಕ್ತಾರಂತ."

ಗೋಕಾಕದಲ್ಲಿ ಕಳವಾದರೂ ಕೊಲೆಯಾದರೂ ಜನ ಮೊದಲು ಬರುತ್ತಿದ್ದುದು ವಿಜ್ಞಾನ ಕಲಿಸಿ ನಿವೃತ್ತರಾಗಿದ್ದ ಗೌರವ್ವ ಅಕ್ಕೋರ ಬಳಿಗೆ. ಪೊಲೀಸ್ ಫೌಜದಾರರಿಗೆ ಇದು ಮೈಯುರಿಯುವ ಸಂಗತಿ. ಅಕ್ಕೋರ ಹಿಂದೆ ಚೀಲ ಹಿಡಿದು ಓಡುವ ಕಂಪೌಂಡರ್ ಯಲ್ಲಪ್ಪನಿಗೆ ಹೆಮ್ಮೆ. ಆದರೆ ಆಯುಧ, ಯಂತ್ರಗಳನ್ನು ಪೂಜಿಸುವ 1954ರ ಆ ಖಂಡೆ ಪೂಜೆಯ ಮಧ್ಯಾಹ್ನ ಯಲ್ಲಪ್ಪ ಚೀಲ ಎತ್ತಿಕೊಳ್ಳಲು ತಡಮಾಡಿದ. ಹೆಣವನ್ನು ಅವನು ಆಗಲೇ ನೋಡಿಬಂದಿದ್ದ.

ಇಬ್ಬರೂ ಹೋದದ್ದು ಗೋಕಾಕ ಫಾಲ್ಸಿನ ಮೇಲ್ಗಡೆ, ಹೊಳೆದಂಡೆಯ ಅರಳೆ ಗಿರಣಿಗೆ. ಅರಳೆಯನ್ನು ಬಿಗಿಯಾದ ಮೂಟೆ, ಅಂದರೆ ಅಂಡಿಗೆ, ಮಾಡಿ ಒತ್ತುವ ಪ್ರೆಸ್ಸಿನ ಪೆಟ್ಟಿಗೆಯಲ್ಲಿ ಮಾಲೀಕ ಮುರಿಗೆಪ್ಪ ಅರಳೆಯ ಜೊತೆಗೇ ಅಪ್ಪಚ್ಚಿಯಾಗಿದ್ದ. ಧುಮುಕುವ ನೀರಿನ ಅಬ್ಬರಕ್ಕೆ ಕಿಟಕಿಗಳು ಅದುರುತ್ತಿದ್ದವು. ಅಲ್ಲಿ ಯಾರು ಕಿರುಚಿದರೂ ಕೇಳುವಂತಿರಲಿಲ್ಲ.

"ಎಲ್ಲಾರೂ ಚಹಾಕ್ಕ ಹೋಗಿ ಬರೂ ಹತ್ತು ನಿಮಿಷದಾಗ ಆಗೇತಿ," ಎಂದರು ಫೌಜದಾರರು. "ಒಳಗಿದ್ದವ ಸತ್ತೆಪ್ಪ ಒಬ್ಬನ. ಪೈಲವಾನ ಅದಾನ. ಕೈಪಂಪಿಲೆ ಪ್ರೆಸ್ಸಿಗೆ ನೀರು ಹೊಡದು ಒತ್ತ್ಯಾನ."

"ನಾ ಹೊಳ್ಯಾಗ ಭಾಂಡೆ ತಿಕ್ಕಾಕತ್ತಿದ್ದೆ ರೀ. ಸಣ್ಣ ಧಣ್ಯಾರ ಕಳಿಸಿದ್ರು," ಎಂದ ಸತ್ತೆಪ್ಪ. ಬೇಡಿ ಹಾಕಿದ ಅವನ ಮಾತನ್ನು ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ.

ಪ್ರೆಸ್ಸಿಗೆ ನೀರು ತುಂಬಲು ಇನ್ನೊಂದು ದಾರಿಯೂ ಇತ್ತು: ಹೊಳೆಯ ನೀರಿನಿಂದ ತಿರುಗಿ ಪಂಪು ನಡೆಸುವ ಚಕ್ರ. ಆದರೆ ಮುಂಜಾನೆ ಪೂಜೆಗೊಂಡ ಆ ಚಕ್ರವನ್ನು ಮರುದಿನದವರೆಗೆ ಮುಟ್ಟುವಂತಿಲ್ಲ.

"ಚಕ್ರದ ಖೋಲಿಗೆ ಕೀಲಿ ಹಾಕೇನಿ ರೀ," ಎಂದ ಮುರಿಗೆಪ್ಪನ ತಮ್ಮ, ಸಣ್ಣ ಧಣಿ ಗುರುಲಿಂಗಪ್ಪ. "ಕೀಲಿಕೈ ನನ್ನ ಉಡದಾರ ಬಿಟ್ಟಿಲ್ಲ. ನಾ ಧೋತರ ಬದಲಿ ಮಾಡಾಕ ಮನಿಗಿ ಹೋಗಿದ್ದೆ."

ಅಕ್ಕೋರು ಪ್ರೆಸ್ಸಿನ ಕೊಳವೆಯನ್ನು ಅಳೆದರು, ಒತ್ತಡ ತೋರಿಸುವ ಮಾಪಕದ ಮುಳ್ಳು ನೋಡಿದರು, ಚಕ್ರದ ಖೋಲಿ ತೆರೆಸಿ ಕೆಳಗೆ ಬಗ್ಗಿದರು. ಬಳಿಕ ಚಕ್ರ ನಡೆಸುವ ಶಿದ್ರಾಮನನ್ನು ಕೇಳಿದರು: "ಚಕ್ರದ ಪೂಜಿಗೆ ಎಷ್ಟ ಕಾಯಿ ಒಡದ್ರಿ?"

"ಒಂದ ರೀ. ದೊಡ್ಡ ಧಣ್ಯಾರ ಒಡದ್ರು. ಆಮ್ಯಾಲ ನಾವೆಲ್ಲಾ ಕೂಡೇ ಚಹಾಕ್ಕ ಹ್ವಾದಿವಿ."

ಅಕ್ಕೋರು ಎಲ್ಲರನ್ನೂ ಪ್ರೆಸ್ಸಿನ ಸುತ್ತ ನಿಲ್ಲಿಸಿದರು.

"ಕೊಳವಿ ಬಾಯಿಯ ವಿಸ್ತೀರ್ಣ ನೂರು ಚದರ ಅಂಗುಲ. ಒಂದೊಂದು ಚದರ ಅಂಗುಲದ ಮ್ಯಾಲ ನೀರಿನ ಒತ್ತು ಸರಾಸರಿ ನಾನೂರೈವತ್ತು ಪೌಂಡು. ಒಟ್ಟು ನಲವತ್ತೈದು ಸಾವಿರ ಪೌಂಡು. ಆ ಒತ್ತಿಗೆ ಪ್ರೆಸ್ಸಿನ ಹಲಗಿ ಮೂರು ಅಡಿ ಸರದೈತಿ. ಅಂದ್ರ ಒಂದು ಲಕ್ಷ ಮೂವತ್ತೈದು ಸಾವಿರ ಅಡಿ-ಪೌಂಡಿನ ಕೆಲಸ. ಗಟ್ಟಿ ಆಳು ಸೆಕೆಂಡಿಗೆ ಎಪ್ಪತ್ತು ಅಡಿ-ಪೌಂಡು ಮಾಡಿದ್ರ ಹೆಚ್ಚು."

"ಆದ್ರ ಪಂಪು ಬಲ ಹೆಚ್ಚು ಮಾಡತೈತಲ್ರಿ?" ಎಂದರು ಫೌಜದಾರರು.

"ಬಲ ಹೆಚ್ಚಾದಷ್ಟು ವೇಗ ಕಡಿಮಿ ಆಕ್ಕೈತಿ. ಕೆಲಸ ಪುಕ್ಕಟೆ ಸಿಗೂದಿಲ್ಲ. ಸತ್ತೆಪ್ಪಗ ಅರ್ಧ ತಾಸಿನ ಮ್ಯಾಲ ಬೇಕು. ನೀವ ಕೊಟ್ಟದ್ದು ಹತ್ತು ನಿಮಿಷ. ಹಂಗಾದ್ರ ಚಕ್ರ ತಿರಗೈತಿ."

ಗುರುಲಿಂಗಪ್ಪ ಹಣೆಯ ಬೆವರು ಒರೆಸಿಕೊಂಡ.

"ಮುಂಜಾನಿ ಹಚ್ಚಿದ ವಿಭೂತಿ ಚಕ್ರದ ಕೆಳಗ ಹೋಗೇತಿ. ಮ್ಯಾಲ ಹೊಸಾ ವಿಭೂತಿ. ಬಾಳಿ ಎಲಿ ಅಡಿಯಾಗ ಕಾಯಿ ಹೋಳು ಎರಡಲ್ಲ, ನಾಕು. ಅಣ್ಣನ್ನ ಕೊಲ್ಲಾಕ ಅಂಜದವ, ಪೂಜಿ ಮಾಡಿದ ಚಕ್ರ ತಿರಗಿಸಿದ್ದಕ್ಕ ಅಂಜಿ, ತಪ್ಪಾತು ಅಂತ ದೇವರಿಗೆ ತಪ್ಪುಕಾಯಿ ಒಡದಾನ. ಕೀಲಿಕೈ ಉಡದಾರ ಬಿಟ್ಟಿಲ್ಲ ಅಂದವ ನೀನ ಅಲ್ಲೇನಪಾ?"

ಗುರುಲಿಂಗಪ್ಪನ ಮೋರೆ ಬಿಳಿಚಿತು. "ಪಾಲು ಕೇಳಿದ್ರ ಮಂದಿ ಮುಂದ ನನ್ನ ನಾಯಿಗತೆ ಓಡಸ್ತಿದ್ದ," ಎಂದ. "ಅರಳಿ ನೋಡಾಕ ಬಗ್ಗಿದಾಗ ನೂಕಿದೆ." ದನಿ ತಣ್ಣಗಿತ್ತು.

ಬೇಡಿ ಕಳಚಿದಾಗ ಸತ್ತೆಪ್ಪನಿಗೆ ನೆಟ್ಟಗೆ ನಿಲ್ಲಲಾಗಲಿಲ್ಲ. ಪೊಲೀಸರ ಲಾಠಿ ಆಗಲೇ ತನ್ನ ಕೆಲಸ ಮುಗಿಸಿತ್ತು. ಉದ್ದವ್ವ ಅವನಿಗೆ ಹೆಗಲು ಕೊಟ್ಟು ಅಕ್ಕೋರ ಕಡೆ ತಿರುಗಿದಳು.

"ಕೊಂದವ ಇವನ ಅಂತ ಹೇಳಾಕ ಇವರಿಗೆ ಯಾ ಲೆಕ್ಕಾನೂ ಬೇಕಾಗಲಿಲ್ಲ. ಇವ ಅಲ್ಲ ಅನ್ನಾಕ ಇಷ್ಟೆಲ್ಲಾ ಬೇಕಾತೇನ್ರಿ ಅಕ್ಕೋರ?"

ಅಕ್ಕೋರು ತಲೆ ತಗ್ಗಿಸಿದರು. ಆಮೇಲೆ ಸತ್ತೆಪ್ಪನ ಇನ್ನೊಂದು ಹೆಗಲಿಗೆ ತಾವೇ ಆಸರೆಯಾದರು.